ಎರಡಂಕದ ಜಿಗಿತ: ಪ್ರಶಸ್ತಿ ಪಂದ್ಯಗಳಲ್ಲಿ ಉಳಿದುಹೋದ ಡಂಕ್‌ಗಳು

ಬ್ಯಾಸ್ಕೆಟ್‌ಬಾಲ್ ಅಂಕಣದಲ್ಲಿ ರಿಂಗ್ ಇರುವುದು ನೆಲದಿಂದ 10 ಅಡಿ, ಅಂದರೆ 3.05 ಮೀಟರ್ ಎತ್ತರದಲ್ಲಿ. ಆಟಗಾರ ಜಿಗಿದು, ಚೆಂಡು ಹಿಡಿದ ಕೈಯನ್ನು ರಿಂಗಿಗಿಂತ ಮೇಲಕ್ಕೆ ಒಯ್ದು, ಮೇಲಿನಿಂದಲೇ ಅದನ್ನು ಬಲೆಯೊಳಗೆ ತುರುಕಿದರೆ ಅದು ಡಂಕ್. ಅದಕ್ಕೆ ಸಿಗುವುದು ಎರಡೇ ಅಂಕ. ಬೋರ್ಡಿಗೆ ಮೆಲ್ಲಗೆ ತಾಗಿಸಿ ಹಾಕುವ ಲೇ-ಅಪ್‌ಗೂ ಎರಡೇ ಅಂಕ. ದೂರದ ಗೆರೆಯಾಚೆಯಿಂದ ಎಸೆದ ಚೆಂಡಿಗಾದರೆ ಮೂರು. ಸ್ಕೋರ್ ಹಾಳೆಯಲ್ಲಿ ಡಂಕ್‌ಗೆ ಯಾವ ವಿಶೇಷ ಮರ್ಯಾದೆಯೂ ಇಲ್ಲ. ಆದರೂ ಈ ಆಟದ ಅಭಿಮಾನಿಗಳು ದಶಕಗಳ ನಂತರವೂ ಇಸವಿ, ಊರು, ಎದುರಾಳಿಯ ಹೆಸರಿನ ಸಮೇತ ನೆನಪಿಟ್ಟುಕೊಳ್ಳುವುದು ಡಂಕ್‌ಗಳನ್ನೇ. ಒಂದೊಂದು ಋತುವಿನಲ್ಲಿ ಸಾವಿರಾರು ಡಂಕ್‌ಗಳು ಬೀಳುತ್ತವೆ. ಅವುಗಳಲ್ಲಿ ಬೆರಳೆಣಿಕೆಯವು ಮಾತ್ರ ಉಳಿಯುವುದಕ್ಕೆ ಕಾರಣ ಹುಡುಕಿದರೆ, ಜಿಗಿತದ ಎತ್ತರಕ್ಕಿಂತ ಪಂದ್ಯದ ಯಾವ ಗಳಿಗೆಯಲ್ಲಿ ಅದು ಬಿತ್ತು ಎಂಬುದೇ ಮುಖ್ಯವಾಗಿ ಕಾಣುತ್ತದೆ.

ಮೊದಲು ಜಿಗಿತದ ಲೆಕ್ಕ. ರಿಂಗಿನ ವ್ಯಾಸ 18 ಇಂಚು, ಚೆಂಡಿನ ವ್ಯಾಸ ಅದರ ಅರ್ಧಕ್ಕಿಂತ ತುಸು ಹೆಚ್ಚು. ಆರೂವರೆ ಅಡಿಯ ಆಟಗಾರ ನಿಂತಲ್ಲೇ ಕೈ ಮೇಲೆತ್ತಿದರೆ ಬೆರಳ ತುದಿ ಸುಮಾರು ಎಂಟೂಮುಕ್ಕಾಲು ಅಡಿ ಮುಟ್ಟುತ್ತದೆ. ಚೆಂಡಿನೊಂದಿಗೆ ರಿಂಗನ್ನು ದಾಟಲು ಆತ ಇನ್ನೂ ಎರಡು ಅಡಿಯಷ್ಟು ಮೇಲೇಳಬೇಕು. ಮೂರು ಅಡಿ ಜಿಗಿಯಬಲ್ಲವನು ಗಾಳಿಯಲ್ಲಿ ಇರುವುದು ಸೆಕೆಂಡಿನ ಹತ್ತರಲ್ಲಿ ಒಂಬತ್ತು ಭಾಗಕ್ಕೂ ಕಡಿಮೆ ಕಾಲ. ಆದರೆ ಆ ಅವಧಿಯ ಅರ್ಧದಷ್ಟನ್ನು ಆತ ಜಿಗಿತದ ಮೇಲಿನ ಕಾಲುಭಾಗದಲ್ಲೇ ಕಳೆಯುತ್ತಾನೆ, ಏಕೆಂದರೆ ತುದಿ ಹತ್ತಿರವಾದಂತೆ ಏರುವ ವೇಗ ಇಳಿಯುತ್ತ ಬಂದು ಸೊನ್ನೆಯಾಗಿ, ಮತ್ತೆ ಕೆಳಮುಖವಾಗಿ ನಿಧಾನಕ್ಕೆ ಶುರುವಾಗುತ್ತದೆ. ಒಳ್ಳೆಯ ಡಂಕರ್ ಗಾಳಿಯಲ್ಲಿ ತೇಲಿ ನಿಂತಂತೆ ಕಾಣುವುದು ಈ ಕಾರಣಕ್ಕೆ. ಚೆಂಡನ್ನು ಹಿಂದಕ್ಕೊಯ್ದು, ಕಾಲು ಮಡಚಿ, ಕೊನೆಯ ಕ್ಷಣದವರೆಗೂ ಕೈ ಚಾಚದೆ ಕಾಯುವ ಆಟಗಾರರು ಆ ಭ್ರಮೆಯನ್ನು ಇನ್ನಷ್ಟು ಹಿಗ್ಗಿಸುತ್ತಾರೆ.

1891ರ ಡಿಸೆಂಬರ್‌ನಲ್ಲಿ ಅಮೆರಿಕದ ಸ್ಪ್ರಿಂಗ್‌ಫೀಲ್ಡ್‌ನಲ್ಲಿ ಜೇಮ್ಸ್ ನೈಸ್ಮಿತ್ ಈ ಆಟವನ್ನು ರೂಪಿಸಿದಾಗ ಇಂಥದ್ದೊಂದು ಅವರ ಮನಸ್ಸಿನಲ್ಲಿರಲಿಲ್ಲ. ಜಿಮ್ನೇಷಿಯಂನ ಬಾಲ್ಕನಿ ಹತ್ತು ಅಡಿ ಎತ್ತರದಲ್ಲಿತ್ತು, ಪೀಚ್ ಹಣ್ಣಿನ ಬುಟ್ಟಿಗಳನ್ನು ಅದಕ್ಕೇ ಹೊಡೆದು ನಿಲ್ಲಿಸಿದರು. ಆ ಎತ್ತರ ಇಂದಿಗೂ ಬದಲಾಗಿಲ್ಲ. ಬದಲಾದದ್ದು ಆಟಗಾರರ ಎತ್ತರ. 1936ರ ಬರ್ಲಿನ್ ಒಲಿಂಪಿಕ್ಸ್‌ಗೆ ಹೊರಟಿದ್ದ ಅಮೆರಿಕ ತಂಡದ ಜೋ ಫೋರ್ಟನ್‌ಬೆರಿ ಅಭ್ಯಾಸದ ವೇಳೆ ಚೆಂಡನ್ನು ಮೇಲಿನಿಂದಲೇ ಹಾಕಿದ್ದನ್ನು ಕಂಡು ನ್ಯೂಯಾರ್ಕ್‌ನ ಪತ್ರಕರ್ತರು ಬೆರಗಾಗಿ ಬರೆದರು. ಆ ಒಲಿಂಪಿಕ್ಸ್‌ನ ಫೈನಲ್ ನಡೆದದ್ದು ಬಯಲಿನಲ್ಲಿ, ಮಳೆಯಲ್ಲಿ. ಕೆಸರಿನಲ್ಲಿ ಚೆಂಡು ಪುಟಿಯುವುದೇ ಕಷ್ಟವಾಗಿತ್ತು. ಅಮೆರಿಕ ಕೆನಡಾವನ್ನು 19-8ರಿಂದ ಸೋಲಿಸಿತು. 1945 ಮತ್ತು 1946ರಲ್ಲಿ ಒಕ್ಲಹೋಮ ಎ ಅಂಡ್ ಎಂ ಕಾಲೇಜಿಗೆ ರಾಷ್ಟ್ರೀಯ ಪ್ರಶಸ್ತಿ ತಂದುಕೊಟ್ಟ ಏಳಡಿಯ ಬಾಬ್ ಕರ್ಲ್ಯಾಂಡ್ ಪಂದ್ಯಗಳಲ್ಲೂ ಡಂಕ್ ಮಾಡುತ್ತಿದ್ದರು. ಆದರೆ ಆ ಕಾಲದವರಿಗೆ ಅದು ಉದ್ದ ಕಾಲಿನವರಿಗೆ ಪುಕ್ಕಟೆ ಸಿಕ್ಕ ಅನುಕೂಲವಾಗಿ ಕಂಡಿತೇ ಹೊರತು ಕಲೆಯಾಗಿ ಅಲ್ಲ.

ಆ ಅಸಮಾಧಾನ 1967ರಲ್ಲಿ ನಿಷೇಧವಾಗಿ ಹೊರಬಿತ್ತು. ಆ ವರ್ಷ ಯುಸಿಎಲ್‌ಎ ತಂಡ ಲ್ಯೂ ಆಲ್ಸಿಂಡರ್ ಎಂಬ ಏಳಡಿಯ ಯುವಕನ ಬಲದಿಂದ ಕಾಲೇಜು ಚಾಂಪಿಯನ್ ಆಗಿತ್ತು. ಅದಾದ ಮೇಲೆ ಕಾಲೇಜು ಪಂದ್ಯಗಳಲ್ಲಿ ಡಂಕ್ ಮಾಡುವಂತಿಲ್ಲ ಎಂಬ ನಿಯಮ ಬಂತು. ಗಾಯಗಳಾಗುತ್ತವೆ, ರಿಂಗು ಬೋರ್ಡುಗಳು ಹಾಳಾಗುತ್ತವೆ ಎಂಬ ಕಾರಣ ಕೊಟ್ಟರು. ಒಬ್ಬ ಕಪ್ಪು ಆಟಗಾರನ ಮೇಲುಗೈಯನ್ನು ತಡೆಯಲೆಂದೇ ತಂದ ನಿಯಮ ಇದು ಎಂದು ಆಗಲೂ ಆಮೇಲೂ ಅನೇಕರು ಆಕ್ಷೇಪಿಸಿದರು, ಆಲ್ಸಿಂಡರ್ ಸ್ವತಃ ಹಾಗೆಯೇ ನಂಬಿದ್ದರು. ಆ ಆಕ್ಷೇಪದಲ್ಲಿ ಹುರುಳಿದೆ. ತಡೆಯಂತೂ ಸಾಧ್ಯವಾಗಲಿಲ್ಲ. ಡಂಕ್ ಇಲ್ಲದ ಆಲ್ಸಿಂಡರ್ ಸ್ಕೈ ಹುಕ್ ಎಂಬ ಹೊಡೆತವನ್ನು ಪಳಗಿಸಿಕೊಂಡರು, ಯುಸಿಎಲ್‌ಎ 1968 ಮತ್ತು 1969ರಲ್ಲೂ ಪ್ರಶಸ್ತಿ ಗೆದ್ದಿತು. ಮುಂದೆ ಕರೀಮ್ ಅಬ್ದುಲ್-ಜಬ್ಬಾರ್ ಎಂಬ ಹೆಸರಿನಿಂದ ಅವರು ಅದೇ ಹೊಡೆತದಿಂದ ವೃತ್ತಿಪರ ಲೀಗ್ ಎನ್‌ಬಿಎಯನ್ನು ಆಳಿದರು.

ನಿಷೇಧ 1976ರವರೆಗೆ ನಡೆಯಿತು. ಅದರ ನಡುವೆ ಬೆಳೆದ ಡೇವಿಡ್ ಥಾಂಪ್ಸನ್ ಕಥೆ ಮನಸ್ಸಿಗೆ ನಾಟುವಂಥದ್ದು. ಆರಡಿ ನಾಲ್ಕಿಂಚಿನ ಥಾಂಪ್ಸನ್ ಅಸಾಧಾರಣ ಎತ್ತರಕ್ಕೆ ಜಿಗಿಯುತ್ತಿದ್ದರು. ನಾರ್ತ್ ಕ್ಯಾರೊಲೈನಾ ಸ್ಟೇಟ್ ವಿಶ್ವವಿದ್ಯಾಲಯದ ಸಹ ಆಟಗಾರರು ಚೆಂಡನ್ನು ರಿಂಗಿನ ಹತ್ತಿರ ಗಾಳಿಗೆ ಎಸೆಯುತ್ತಿದ್ದರು. ಥಾಂಪ್ಸನ್ ಮೇಲೆದ್ದು ಅದನ್ನು ಹಿಡಿದು, ತುರುಕುವ ಹಾಗಿಲ್ಲದ್ದರಿಂದ, ಮೆತ್ತಗೆ ಬಲೆಗೆ ಇಳಿಬಿಡುತ್ತಿದ್ದರು. ಇಂದು ಆಲಿ-ಊಪ್ ಎನ್ನುವ ಈ ತಂತ್ರದಿಂದ ಆ ತಂಡ 1974ರಲ್ಲಿ ಯುಸಿಎಲ್‌ಎಯ ಸತತ ಪ್ರಶಸ್ತಿಗಳ ಸರಣಿಯನ್ನು ಮುರಿದು ರಾಷ್ಟ್ರೀಯ ಚಾಂಪಿಯನ್ ಆಯಿತು. ಮರುವರ್ಷ ತವರಿನ ಕೊನೆಯ ಪಂದ್ಯದಲ್ಲಿ ಥಾಂಪ್ಸನ್ ನಿಯಮವನ್ನು ಬದಿಗಿಟ್ಟು ಒಂದು ಡಂಕ್ ಮಾಡಿದರು. ಅಂಕ ಸಿಗಲಿಲ್ಲ, ಟೆಕ್ನಿಕಲ್ ಫೌಲ್ ಬಿತ್ತು. ನೆರೆದವರು ಎದ್ದು ನಿಂತು ಚಪ್ಪಾಳೆ ತಟ್ಟಿದರು.

ಕಾಲೇಜುಗಳು ಹೀಗೆ ಬಾಗಿಲು ಹಾಕಿದ್ದಾಗ ಡಂಕ್ ಅರಳಿದ್ದು ಎಬಿಎ ಎಂಬ ಎದುರಾಳಿ ವೃತ್ತಿಪರ ಲೀಗ್‌ನಲ್ಲಿ. 1976ರಲ್ಲಿ ಡೆನ್ವರ್‌ನಲ್ಲಿ ನಡೆದ ಮೊದಲ ಡಂಕ್ ಸ್ಪರ್ಧೆಯಲ್ಲಿ 'ಡಾಕ್ಟರ್ ಜೆ' ಎಂದೇ ಹೆಸರಾದ ಜೂಲಿಯಸ್ ಅರ್ವಿಂಗ್, ಬೋರ್ಡಿನಿಂದ 15 ಅಡಿ ದೂರದ ಫ್ರೀ ಥ್ರೋ ಗೆರೆಯ ಬಳಿಯಿಂದ ಹಾರಿ ಚೆಂಡನ್ನು ಬಲೆಗೆ ಹಾಕಿದರು. 1988ರಲ್ಲಿ ಶಿಕಾಗೊದಲ್ಲಿ ಮೈಕಲ್ ಜೋರ್ಡನ್ ಅದೇ ಹಾರಾಟವನ್ನು ಮಾಡಿ ಡಾಮಿನಿಕ್ ವಿಲ್ಕಿನ್ಸ್ ಅವರನ್ನು ಎರಡೇ ಅಂಕಗಳಿಂದ ಹಿಂದಿಕ್ಕಿದರು. ಇವು ಸೊಗಸಿನ ಪ್ರದರ್ಶನಗಳು. ಆದರೆ ಸ್ಪರ್ಧೆಯಲ್ಲಿ ತಡೆಯುವ ಎದುರಾಳಿಯಿಲ್ಲ, ಸೋಲಿನ ಭಯವಿಲ್ಲ. ಪಂದ್ಯದ ಡಂಕ್‌ನ ಪಕ್ಕದಲ್ಲಿ ಇವನ್ನು ಇಡಲಾಗದು.

ಅಷ್ಟರಲ್ಲಿ ಉಪಕರಣಗಳೂ ಬದಲಾಗಬೇಕಾಗಿ ಬಂತು. 1979ರ ನವೆಂಬರ್‌ನಲ್ಲಿ ಫಿಲಡೆಲ್ಫಿಯಾ ತಂಡದ ಡ್ಯಾರಿಲ್ ಡಾಕಿನ್ಸ್ ಕ್ಯಾನ್ಸಸ್ ಸಿಟಿಯಲ್ಲಿ ಡಂಕ್ ಮಾಡಿದ ರಭಸಕ್ಕೆ ಗಾಜಿನ ಬೋರ್ಡ್ ಚೂರುಚೂರಾಗಿ ಅಂಕಣದ ತುಂಬ ಹರಡಿತು. ಮೂರು ವಾರದ ನಂತರ ತವರಿನಲ್ಲಿ ಮತ್ತೊಂದು ಬೋರ್ಡ್ ಹೋಯಿತು. ಇದಕ್ಕೆ ಪರಿಹಾರವಾಗಿ ಬಂದದ್ದು ಸ್ಪ್ರಿಂಗ್ ಇರುವ ರಿಂಗ್: ತೂಕ ಬಿದ್ದಾಗ ಕೆಳಕ್ಕೆ ಬಾಗಿ, ಕೈಬಿಟ್ಟೊಡನೆ ಸ್ವಸ್ಥಾನಕ್ಕೆ ಮರಳುತ್ತದೆ. ಇಂಥ ರಿಂಗಿಗೆ 1982ರಲ್ಲಿ ಪೇಟೆಂಟ್ ಪಡೆದ ಆರ್ಥರ್ ಎಹ್ರಾಟ್, ಇಲಿನಾಯ್ ರಾಜ್ಯದ ಧಾನ್ಯ ಉಗ್ರಾಣವೊಂದರಲ್ಲಿ ಕೆಲಸ ಮಾಡುತ್ತಿದ್ದವರು. ಉಳುಮೆ ಯಂತ್ರದ ಸ್ಪ್ರಿಂಗ್ ಒಂದನ್ನು ಬಳಸಿ ಮೊದಲ ಮಾದರಿ ಮಾಡಿದ್ದರು. ಇಂದಿನ ಆಟಗಾರ ರಿಂಗಿಗೆ ಜೋತುಬಿದ್ದರೂ ಬೋರ್ಡ್ ಉಳಿಯುವುದು ಆ ಸ್ಪ್ರಿಂಗ್‌ನಿಂದಾಗಿ.

ಪ್ರಶಸ್ತಿಯನ್ನೇ ನಿರ್ಧರಿಸಿದ ಡಂಕ್ ಎಂದರೆ 1983ರ ಏಪ್ರಿಲ್ 4ರದ್ದು. ಆಲ್ಬುಕರ್ಕಿಯಲ್ಲಿ ನಡೆದ ಕಾಲೇಜು ಫೈನಲ್‌ನಲ್ಲಿ ಹ್ಯೂಸ್ಟನ್ ವಿಶ್ವವಿದ್ಯಾಲಯ ಎಲ್ಲರ ಮೆಚ್ಚಿನ ತಂಡ. ಹಕೀಮ್ ಒಲಾಜುವಾನ್, ಕ್ಲೈಡ್ ಡ್ರೆಕ್ಸ್ಲರ್ ಅವರಂಥವರಿದ್ದ ಆ ತಂಡ ಡಂಕ್‌ಗಳಿಗೇ ಪ್ರಸಿದ್ಧ, 'ಫೈ ಸ್ಲಾಮಾ ಜಾಮಾ' ಎಂಬ ಅಡ್ಡಹೆಸರೇ ಬಿದ್ದಿತ್ತು. ಸತತ 26 ಪಂದ್ಯ ಗೆದ್ದು, ಸೆಮಿಫೈನಲ್‌ನಲ್ಲಿ ಲೂಯಿವಿಲ್ ತಂಡದ ಮೇಲೆ ಡಂಕ್‌ಗಳ ಮಳೆ ಸುರಿಸಿ ಬಂದಿತ್ತು. ಎದುರಿಗಿದ್ದದ್ದು ಥಾಂಪ್ಸನ್ ಓದಿದ ನಾರ್ತ್ ಕ್ಯಾರೊಲೈನಾ ಸ್ಟೇಟ್. ಋತುವಿನಲ್ಲಿ ಹತ್ತು ಪಂದ್ಯ ಸೋತಿದ್ದ, ತನ್ನ ವಲಯದ ಟೂರ್ನಿಯನ್ನು ಗೆದ್ದದ್ದರಿಂದ ರಾಷ್ಟ್ರೀಯ ಹಂತಕ್ಕೆ ಪ್ರವೇಶ ಗಿಟ್ಟಿಸಿಕೊಂಡಿದ್ದ ತಂಡ.

ತರಬೇತುದಾರ ಜಿಮ್ ವಲ್ವಾನೊ ಪಂದ್ಯದ ಗತಿಯನ್ನೇ ನಿಧಾನಗೊಳಿಸಿದರು. ಕಾಲೇಜು ಆಟದಲ್ಲಿ ಆಗ ಇಷ್ಟು ಸೆಕೆಂಡಿನೊಳಗೆ ಚೆಂಡು ಎಸೆಯಲೇಬೇಕೆಂಬ ನಿಯಮ ಇನ್ನೂ ಜಾರಿಗೆ ಬಂದಿರಲಿಲ್ಲ. ದ್ವಿತೀಯಾರ್ಧದಲ್ಲಿ ಹ್ಯೂಸ್ಟನ್ ಮುನ್ನಡೆ ಪಡೆದರೂ ಸ್ಟೇಟ್ ಆಟಗಾರರು ಬೇಕೆಂದೇ ಫೌಲ್ ಮಾಡಿ ಎದುರಾಳಿಗಳನ್ನು ಫ್ರೀ ಥ್ರೋ ಗೆರೆಗೆ ಕಳಿಸತೊಡಗಿದರು. ಅಲ್ಲಿ ಹ್ಯೂಸ್ಟನ್ ಎಡವಿತು. 52-52. ಕೊನೆಯ ನಿಮಿಷ. ಚೆಂಡು ಸ್ಟೇಟ್ ಕೈಯಲ್ಲಿ. ಆದರೆ ಕೊನೆಯ ಸೆಕೆಂಡುಗಳಲ್ಲಿ ಯೋಜನೆ ತಪ್ಪಿತು. ಡೆರೆಕ್ ವಿಟೆನ್‌ಬರ್ಗ್‌ಗೆ ಬಂದ ಪಾಸ್ ಎದುರಾಳಿಯ ಕೈತಾಗಿ ಇನ್ನೇನು ಕಳೆದೇಹೋಗುವುದರಲ್ಲಿತ್ತು. ಹೇಗೋ ಹಿಡಿದುಕೊಂಡ ಅವರು ಬಹುದೂರದಿಂದಲೇ ಎಸೆದುಬಿಟ್ಟರು. ಚೆಂಡು ರಿಂಗಿನವರೆಗೂ ಬರುವಂತಿರಲಿಲ್ಲ. ಒಲಾಜುವಾನ್ ನಿಂತಲ್ಲೇ ನಿಂತು ನೋಡುತ್ತಿದ್ದರು. ಚೆಂಡು ಗಿಡ್ಡವಾಗಿ ಬೀಳುತ್ತದೆಂದು ಊಹಿಸಿದ ಲೊರೆಂಜೊ ಚಾರ್ಲ್ಸ್ ರಿಂಗಿನ ಮುಂದೆ ಜಿಗಿದು, ಗಾಳಿಯಲ್ಲೇ ಎರಡೂ ಕೈಯಲ್ಲಿ ಹಿಡಿದು ಒಳಕ್ಕೆ ತುರುಕಿದರು. 54-52. ಸಮಯ ಮುಗಿದಿತ್ತು. ವಲ್ವಾನೊ ಯಾರನ್ನಾದರೂ ಅಪ್ಪಿಕೊಳ್ಳಬೇಕೆಂದು ಅಂಕಣದ ಉದ್ದಗಲಕ್ಕೂ ಓಡಾಡಿದ ದೃಶ್ಯ ಅಮೆರಿಕದ ಟಿವಿಯಲ್ಲಿ ಇಂದಿಗೂ ಪ್ರತಿವರ್ಷ ಮರುಪ್ರಸಾರವಾಗುತ್ತದೆ. ಇಡೀ ಪಂದ್ಯದಲ್ಲಿ ಚಾರ್ಲ್ಸ್ ಗಳಿಸಿದ್ದು ನಾಲ್ಕೇ ಅಂಕ. ಟೂರ್ನಿಯ ಶ್ರೇಷ್ಠ ಆಟಗಾರ ಗೌರವ ಸೋತ ತಂಡದ ಒಲಾಜುವಾನ್‌ಗೆ ಸಂದಿತು. ಸೊಬಗಿನ ದೃಷ್ಟಿಯಿಂದ ಅದು ತೀರ ಸಾಧಾರಣ ಡಂಕ್. ಆದರೆ ಅದಕ್ಕೆ ಸಮನಾದದ್ದು ಇನ್ನೊಂದಿಲ್ಲ.

ಎನ್‌ಬಿಎಯಲ್ಲಿ ಪ್ರಶಸ್ತಿ ಒಂದೇ ಪಂದ್ಯದಲ್ಲಿ ಇತ್ಯರ್ಥವಾಗುವುದಿಲ್ಲ, ಏಳರಲ್ಲಿ ನಾಲ್ಕು ಗೆಲ್ಲಬೇಕು. ಹಾಗಾಗಿ ಒಂದು ಡಂಕ್‌ನ ಭಾರ ಸರಣಿಯ ಯಾವ ಹಂತದಲ್ಲಿ ಅದು ಬಂತು ಎಂಬುದನ್ನು ಅವಲಂಬಿಸುತ್ತದೆ. 1993ರ ಪೂರ್ವ ವಲಯದ ಫೈನಲ್‌ನಲ್ಲಿ ನ್ಯೂಯಾರ್ಕ್‌ನ ಜಾನ್ ಸ್ಟಾರ್ಕ್ಸ್ ಎಡಗೈಯಲ್ಲಿ ಶಿಕಾಗೊ ಬುಲ್ಸ್ ಆಟಗಾರರ ಮೇಲಿನಿಂದ ಹಾಕಿದ ಡಂಕ್‌ಗೆ ಆ ಊರಿನಲ್ಲಿ ಬೇರೆ ವಿಶೇಷಣವೇ ಬೇಡ, 'ದ ಡಂಕ್' ಎಂದರೆ ಸಾಕು. ಅದರೊಂದಿಗೆ ನ್ಯೂಯಾರ್ಕ್ 2-0 ಮುನ್ನಡೆ ಪಡೆಯಿತು. ಮುಂದಿನ ನಾಲ್ಕೂ ಪಂದ್ಯಗಳನ್ನು ಬುಲ್ಸ್ ಗೆದ್ದಿತು.

2000ದ ಜೂನ್ 4ರಂದು ಲಾಸ್ ಏಂಜಲೀಸ್‌ನಲ್ಲಿ ನಡೆದದ್ದು ಇದಕ್ಕೆ ವಿರುದ್ಧ. ಪಶ್ಚಿಮ ವಲಯದ ಫೈನಲ್‌ನ ಏಳನೇ ಪಂದ್ಯದ ಕೊನೆಯ ಕ್ವಾರ್ಟರ್‌ನಲ್ಲಿ ಲೇಕರ್ಸ್ ತಂಡ ಪೋರ್ಟ್‌ಲೆಂಡ್‌ಗಿಂತ 15 ಅಂಕ ಹಿಂದಿತ್ತು. ಅಲ್ಲಿಂದ ಚೇತರಿಸಿಕೊಂಡು ಮುಂದೆ ಬಂದ ಮೇಲೆ, ಒಂದು ನಿಮಿಷಕ್ಕೂ ಕಡಿಮೆ ಸಮಯ ಉಳಿದಿದ್ದಾಗ, ಕೋಬಿ ಬ್ರಯಂಟ್ ಸ್ಕಾಟಿ ಪಿಪೆನ್ ಅವರನ್ನು ದಾಟಿ ನುಗ್ಗಿ ಚೆಂಡನ್ನು ರಿಂಗಿನತ್ತ ಮೇಲಕ್ಕೆ ತೂರಿದರು. ಶಕೀಲ್ ಓನೀಲ್ ಒಂದೇ ಕೈಯಲ್ಲಿ ಅದನ್ನು ಎಳೆದುಕೊಂಡು ಬಲೆಗೆ ಬಡಿದರು. 85-79. ಪಂದ್ಯ 89-84ರಲ್ಲಿ ಮುಗಿಯಿತು. ಬಾಯಿ ತೆರೆದು, ತೋರುಬೆರಳು ಚಾಚಿ ಓಡಿಬಂದ ಓನೀಲ್ ಚಿತ್ರ ಲೇಕರ್ಸ್ ಮುಂದೆ ಸತತವಾಗಿ ಗೆದ್ದ ಮೂರು ಪ್ರಶಸ್ತಿಗಳ ಮುನ್ನುಡಿಯಂತೆ ಉಳಿಯಿತು.

ಅದೇ ವರ್ಷ ಸಿಡ್ನಿ ಒಲಿಂಪಿಕ್ಸ್‌ನಲ್ಲಿ ವಿನ್ಸ್ ಕಾರ್ಟರ್ ಎದುರಾಳಿಯ ಪಾಸನ್ನು ಕಸಿದು, 7 ಅಡಿ 2 ಇಂಚು ಎತ್ತರದ ಫ್ರಾನ್ಸ್ ಆಟಗಾರ ಫ್ರೆಡೆರಿಕ್ ವೈಸ್ ತಲೆಯ ಮೇಲಿನಿಂದಲೇ ಹಾರಿ ಡಂಕ್ ಮಾಡಿದರು. ಫ್ರಾನ್ಸ್ ಪತ್ರಿಕೆಗಳು ಅದನ್ನು ಸಾವಿನ ಡಂಕ್ ಎಂದು ಕರೆದವು. ಲೀಗ್ ಹಂತದ ಪಂದ್ಯವಾದ್ದರಿಂದ ಅದು ಯಾವ ಫಲಿತಾಂಶವನ್ನೂ ತಿರುಗಿಸಲಿಲ್ಲ. ಗಳಿಗೆಯ ಮಹತ್ವವಿಲ್ಲದೆಯೂ ಬರೀ ಜಿಗಿತದ ಬಲದಿಂದಲೇ ಉಳಿದುಕೊಂಡ ಅಪರೂಪದ ಉದಾಹರಣೆ ಇದು.

2021ರ ಎನ್‌ಬಿಎ ಫೈನಲ್ಸ್‌ನ ಐದನೇ ಪಂದ್ಯದಲ್ಲಿ ಎರಡೂ ಸೇರಿಬಂದವು. ಮಿಲ್ವಾಕೀ ಬಕ್ಸ್ ಮತ್ತು ಫೀನಿಕ್ಸ್ ಸನ್ಸ್ 2-2ರಲ್ಲಿ ಸಮಬಲ. ಆಟ ಮುಗಿಯಲು 20 ಸೆಕೆಂಡು ಸಹ ಇಲ್ಲ, ಬಕ್ಸ್ ಒಂದೇ ಅಂಕದಿಂದ ಮುಂದೆ, ಚೆಂಡು ಫೀನಿಕ್ಸ್‌ನ ಡೆವಿನ್ ಬುಕರ್ ಕೈಯಲ್ಲಿ. ಒಳನುಗ್ಗಿ ತಿರುಗಿದ ಬುಕರ್ ಕೈಯಿಂದ ಜ್ರೂ ಹಾಲಿಡೇ ಚೆಂಡನ್ನು ಕಿತ್ತುಕೊಂಡೇಬಿಟ್ಟರು. ಅಲ್ಲಿಂದ ಚೆಂಡನ್ನು ಹಿಡಿದಿಟ್ಟುಕೊಂಡು ಕಾಲ ತಳ್ಳುವುದು ಜಾಣತನದ ದಾರಿ. ಆದರೆ ಪಕ್ಕದಲ್ಲಿ ಓಡಿಬರುತ್ತಿದ್ದ ಯಾನಿಸ್ ಆಂಟೆಟೊಕುಂಪೊ ಮೇಲಕ್ಕೆ ಕೈ ತೋರಿಸುತ್ತಿದ್ದರು. ಹಾಲಿಡೇ ಚೆಂಡನ್ನು ತೂರಿದರು. ಬೆನ್ನಟ್ಟಿದ ಕ್ರಿಸ್ ಪಾಲ್ ತಳ್ಳಿದರೂ ಯಾನಿಸ್ ಡಂಕ್ ಮುಗಿಸಿದರು. ಬಕ್ಸ್ 123-119ರಿಂದ ಗೆದ್ದಿತು. ಮೂರು ದಿನದ ನಂತರ ತವರಿನಲ್ಲಿ ಯಾನಿಸ್ 50 ಅಂಕ ಗಳಿಸಿ ಪ್ರಶಸ್ತಿ ತಂದರು. ಮಿಲ್ವಾಕೀಗೆ ಅದು 50 ವರ್ಷಗಳಲ್ಲಿ ಮೊದಲನೆಯದು. ಹಿಂದಿನದನ್ನು 1971ರಲ್ಲಿ ಗೆದ್ದುಕೊಟ್ಟವರು, ಕಾಲೇಜಿನಲ್ಲಿ ಡಂಕ್ ಮಾಡದಂತೆ ನಿರ್ಬಂಧಕ್ಕೊಳಗಾಗಿದ್ದ ಆಲ್ಸಿಂಡರ್.

ಬೀಳದೇ ಹೋದ ಡಂಕ್‌ಗಳೂ ನೆನಪಿನಲ್ಲಿ ಉಳಿಯುತ್ತವೆ. ಅದೇ ಸರಣಿಯ ನಾಲ್ಕನೇ ಪಂದ್ಯದಲ್ಲಿ ಡಿಆಂಡ್ರೆ ಏಟನ್ ಗಾಳಿಯಲ್ಲಿ ಹಿಡಿದು ತುರುಕಲು ಹೋದ ಚೆಂಡನ್ನು ಯಾನಿಸ್ ಹಿಂದಿರುಗಿ ಜಿಗಿದು ರಿಂಗಿನಂಚಿನಲ್ಲಿ ತಡೆದರು. 2016ರ ಫೈನಲ್ಸ್‌ನ ಏಳನೇ ಪಂದ್ಯದ ಕೊನೆಯ ಸೆಕೆಂಡುಗಳಲ್ಲಿ ಲೆಬ್ರಾನ್ ಜೇಮ್ಸ್ ಡ್ರೇಮಂಡ್ ಗ್ರೀನ್ ಮೇಲಿನಿಂದ ಡಂಕ್ ಮಾಡಲು ಎದ್ದರು. ಫೌಲ್ ಆಗಿ ಕೆಳಗೆ ಬಿದ್ದು, ಮಣಿಕಟ್ಟು ಹಿಡಿದುಕೊಂಡು ನರಳಿದರು. ಆಮೇಲೆ ಎದ್ದು ಎರಡು ಫ್ರೀ ಥ್ರೋಗಳಲ್ಲಿ ಒಂದನ್ನು ಹಾಕಿದರು. ಕ್ಲೀವ್‌ಲೆಂಡ್ 93-89ರಿಂದ ತನ್ನ ಮೊದಲ ಪ್ರಶಸ್ತಿ ಗೆದ್ದಿತು. ಆ ಡಂಕ್ ಬಿದ್ದಿದ್ದರೆ ಅದರ ಮುಂದೆ ಉಳಿದವೆಲ್ಲ ಮಂಕಾಗುತ್ತಿದ್ದವು.

ಮಹಿಳೆಯರ ಆಟದಲ್ಲಿ ಡಂಕ್ ವಿರಳ, ಹಾಗಾಗಿ ಒಂದೊಂದೂ ದಾಖಲೆಯೇ. 1984ರ ಡಿಸೆಂಬರ್‌ನಲ್ಲಿ ವೆಸ್ಟ್ ವರ್ಜೀನಿಯಾದ ಜಾರ್ಜಿಯಾನ್ ವೆಲ್ಸ್ ಅಧಿಕೃತ ಕಾಲೇಜು ಪಂದ್ಯದಲ್ಲಿ ಡಂಕ್ ಮಾಡಿದ ಮೊದಲ ಮಹಿಳೆಯಾದರು. ಅದರ ವಿಡಿಯೊ ಸುಮಾರು ಕಾಲು ಶತಮಾನ ಬೆಳಕಿಗೇ ಬರಲಿಲ್ಲ. 2002ರಲ್ಲಿ ಲೀಸಾ ಲೆಸ್ಲಿ ಮಹಿಳೆಯರ ವೃತ್ತಿಪರ ಲೀಗ್‌ನ ಮೊದಲ ಡಂಕ್ ಹಾಕಿದರು. 2006ರ ರಾಷ್ಟ್ರೀಯ ಕಾಲೇಜು ಟೂರ್ನಿಯಲ್ಲಿ ಕ್ಯಾಂಡಿಸ್ ಪಾರ್ಕರ್ ಒಂದೇ ಪಂದ್ಯದಲ್ಲಿ ಎರಡು ಡಂಕ್ ಮಾಡಿದರು, 2012ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಆಸ್ಟ್ರೇಲಿಯಾದ ಲಿಜ್ ಕ್ಯಾಂಬೇಜ್ ಒಲಿಂಪಿಕ್ಸ್‌ನ ಮೊದಲ ಮಹಿಳಾ ಡಂಕ್ ದಾಖಲಿಸಿದರು.

ವಿಡಿಯೊ ಗೇಮ್‌ಗಳು ಡಂಕ್‌ಗೆ ಮರುಳಾದದ್ದು ಸಹಜ. ಮನೆಯಲ್ಲಿ ಕುಳಿತವರಿಗೆ ದೇಹ ಒಪ್ಪದ ಒಂದು ಸಾಮರ್ಥ್ಯವನ್ನು ಬೆರಳ ತುದಿಗೆ ತಂದುಕೊಡುವ ಅವಕಾಶ ಅದು. 1983ರಲ್ಲಿ ಎಲೆಕ್ಟ್ರಾನಿಕ್ ಆರ್ಟ್ಸ್ ಕಂಪನಿ ಜೂಲಿಯಸ್ ಅರ್ವಿಂಗ್ ಮತ್ತು ಲ್ಯಾರಿ ಬರ್ಡ್ ಅವರನ್ನು ಮುಖಾಮುಖಿಯಾಗಿಸಿ 'ಒನ್ ಆನ್ ಒನ್' ಎಂಬ ಗೇಮ್ ಹೊರತಂದಿತು. ಆ್ಯಪಲ್ ಕಂಪ್ಯೂಟರ್‌ನ ಒರಟು ಚಿತ್ರಗಳಲ್ಲಿ ಇಬ್ಬರೇ ಆಟಗಾರರು, ಅರ್ಧ ಅಂಕಣ. ಜೋರಾಗಿ ಡಂಕ್ ಮಾಡಿದರೆ ಒಮ್ಮೊಮ್ಮೆ ಬೋರ್ಡ್ ಒಡೆಯುತ್ತಿತ್ತು. ಆಗ ಕಸ ಗುಡಿಸುವವನೊಬ್ಬ ಪೊರಕೆ ಹಿಡಿದು ಬಂದು, ಗೊಣಗುತ್ತ ಗಾಜಿನ ಚೂರುಗಳನ್ನು ಬಳಿಯುತ್ತಿದ್ದ. ಡಾಕಿನ್ಸ್ ಒಡೆದ ಬೋರ್ಡ್‌ಗಳ ನೆನಪು ಇನ್ನೂ ಹಸಿಯಾಗಿದ್ದ ಕಾಲ ಅದು. ಕೊನಾಮಿಯ 'ಡಬಲ್ ಡ್ರಿಬಲ್' ಬೇರೆ ದಾರಿ ಹಿಡಿಯಿತು: ಆಟಗಾರ ರಿಂಗಿನ ಹತ್ತಿರ ಜಿಗಿದೊಡನೆ ದೃಶ್ಯ ಬದಲಾಗಿ, ಡಂಕ್ ಪರದೆ ತುಂಬ ದೊಡ್ಡದಾಗಿ ಕಾಣುತ್ತಿತ್ತು. ಚೆಂಡು ಒಳಗೆ ಬೀಳಲೇಬೇಕೆಂದಿರಲಿಲ್ಲ, ಆ ಅನುಮಾನವೇ ಅದರ ರುಚಿ.

1993ರ 'ಎನ್‌ಬಿಎ ಜ್ಯಾಮ್' ಭೌತಶಾಸ್ತ್ರವನ್ನೇ ಕೈಬಿಟ್ಟಿತು. ಮಿಡ್ವೇ ಕಂಪನಿಯ ಈ ಆರ್ಕೇಡ್ ಗೇಮ್‌ನಲ್ಲಿ ತಂಡಕ್ಕೆ ಇಬ್ಬರೇ, ತಳ್ಳಾಟಕ್ಕೆ ಫೌಲ್ ಇಲ್ಲ, ಆಟಗಾರರು ತಮ್ಮ ಎತ್ತರದ ಹಲವು ಪಟ್ಟು ಮೇಲಕ್ಕೆ ಹಾರಿ ಪಲ್ಟಿ ಹೊಡೆದು ಡಂಕ್ ಮಾಡುತ್ತಾರೆ. ಒಬ್ಬನೇ ಸತತ ಮೂರು ಬಾರಿ ಚೆಂಡು ಹಾಕಿದರೆ ಚೆಂಡಿಗೆ ಬೆಂಕಿ ಹತ್ತುತ್ತದೆ. ವೀಕ್ಷಕ ವಿವರಣೆಗಾರ ಟಿಮ್ ಕಿಟ್ಜ್‌ರೋ ಕೂಗಿದ 'ಬೂಮ್‌ಶಕಲಕ' ಇಂದಿಗೂ ನಿಜವಾದ ಪಂದ್ಯಗಳಲ್ಲಿ ಕೇಳಿಸುತ್ತದೆ. ಜೋರ್ಡನ್ ಹೆಸರು ಬಳಸುವ ಹಕ್ಕು ಸಿಗದ್ದರಿಂದ ಆ ಕಾಲದ ಮಹಾನ್ ಡಂಕರ್ ಇದರಲ್ಲಿ ಇರಲೇ ಇಲ್ಲ. ಗೇಮ್ ರೂಪಿಸಿದ ಮಾರ್ಕ್ ಟರ್ಮೆಲ್ ಡೆಟ್ರಾಯ್ಟ್ ತಂಡದ ಅಭಿಮಾನಿ. ಡೆಟ್ರಾಯ್ಟ್ ವಿರುದ್ಧದ ಬಿಗಿ ಪಂದ್ಯಗಳಲ್ಲಿ ಶಿಕಾಗೊ ಬುಲ್ಸ್‌ನ ಕೊನೇ ಗಳಿಗೆಯ ಹೊಡೆತಗಳು ತಪ್ಪುವಂತೆ ಪ್ರೋಗ್ರಾಂನಲ್ಲೇ ಬರೆದಿಟ್ಟಿದ್ದಾಗಿ ಅವರು ವರ್ಷಗಳ ನಂತರ ತಿಳಿಸಿದರು.

1999ರಲ್ಲಿ ಶುರುವಾದ 'ಎನ್‌ಬಿಎ 2ಕೆ' ಸರಣಿಯದು ನೈಜತೆಯ ಹಾದಿ. ಇಲ್ಲಿ ಡಂಕ್ ಆಗುವುದು ಗುಂಡಿ ಒತ್ತಿದ ಮಾತ್ರಕ್ಕಲ್ಲ. ಆಟಗಾರನ ಎತ್ತರ, ಓಡಿಬಂದ ವೇಗ, ಅಡ್ಡ ನಿಂತವರ ಸ್ಥಾನ ಎಲ್ಲವೂ ಲೆಕ್ಕಕ್ಕೆ ಬರುತ್ತವೆ. 2010ರಲ್ಲಿ ಬಂದ 2ಕೆ11 ಜೋರ್ಡನ್ ಬದುಕಿನ ಹತ್ತು ಪಂದ್ಯಗಳನ್ನು ಮರುಸೃಷ್ಟಿಸಿತು. ಆ ಪಂದ್ಯಗಳಲ್ಲಿ ಜೋರ್ಡನ್ ಮಾಡಿದ್ದನ್ನು ಗೇಮ್ ಆಡುವವರು ಮಾಡಿ ತೋರಿಸಬೇಕು. 2022ರ 2ಕೆ23ರಲ್ಲಿ ಇದು 15 ಪಂದ್ಯಗಳಿಗೆ ಬೆಳೆಯಿತು. ಆಯಾ ಕಾಲದ ಟಿವಿ ಪ್ರಸಾರದ ಮಸುಕು ಬಣ್ಣವನ್ನೂ ಪರದೆಗೆ ತಂದರು. ಈ ಸರಣಿಯ ಬಹುಮುಖ್ಯ ಸಾಧನೆ ಇದೇ ಎನ್ನಬೇಕು. ಡಂಕ್ ಒಂದರ ಚಲನೆಯನ್ನು ನಕಲು ಮಾಡುವುದು ಸುಲಭ, ಅದರ ಸುತ್ತಲಿನ ಸ್ಕೋರು, ಎದುರಾಳಿ, ಉಳಿದ ಸಮಯಗಳನ್ನು ಮರಳಿ ಕಟ್ಟಿದಾಗ ಮಾತ್ರ ಆಡುವವರ ಅಂಗೈ ಬೆವರುತ್ತದೆ. 2023ರ 2ಕೆ24 ನಿಜವಾದ ಪಂದ್ಯಗಳ ದೃಶ್ಯಗಳಿಂದಲೇ ಆಟಗಾರರ ಚಲನೆಯನ್ನು ಎತ್ತಿಕೊಳ್ಳುವ ತಂತ್ರವನ್ನು ಅಳವಡಿಸಿಕೊಂಡಿತು.

ಈ ಗೇಮ್‌ಗೂ ತನ್ನದೇ ಚಾಂಪಿಯನ್‌ಗಳು ಹುಟ್ಟಿಕೊಂಡರು. ಎನ್‌ಬಿಎ ಸಂಸ್ಥೆ 2018ರಲ್ಲಿ 17 ತಂಡಗಳೊಂದಿಗೆ 2ಕೆ ಲೀಗ್ ಆರಂಭಿಸಿತು. ತಂಡಕ್ಕೆ ಐವರು, ಪರದೆಯ ಮೇಲಿನ ಒಬ್ಬೊಬ್ಬ ಆಟಗಾರನ ಹಿಂದೆಯೂ ಒಬ್ಬೊಬ್ಬ ನಿಜವಾದ ಮನುಷ್ಯ. ಮೊದಲ ಋತುವಿನಲ್ಲಿ ತೀರ ಹಿಂದುಳಿದಿದ್ದ ನಿಕ್ಸ್ ಗೇಮಿಂಗ್, ಪ್ಲೇಆಫ್‌ಗೆ ಉಳಿದಿದ್ದ ಕೊನೆಯ ಸ್ಥಾನಕ್ಕೆಂದು ನಡೆಸಿದ ಟೂರ್ನಿಯನ್ನು ಗೆದ್ದು ಒಳಬಂದು, 1983ರ ನಾರ್ತ್ ಕ್ಯಾರೊಲೈನಾ ಸ್ಟೇಟ್ ಬಂದ ದಾರಿಯಲ್ಲೇ ನಡೆದು ಪ್ರಶಸ್ತಿಯನ್ನೂ ಗೆದ್ದುಕೊಂಡಿತು.